ಹಾಜರಿಯಲ್ಲಿ ಬಿಟ್ಟ ಹೆಸರು

ಸಿನಿಮಾ ಮುಗಿಯಲು ಇನ್ನೂ ಹತ್ತು ನಿಮಿಷವಿತ್ತು, ನಾನು ಎದ್ದು ಹೊರಟೆ. ಕತ್ತಲಲ್ಲಿ ನಾಲ್ಕೈದು ಜನರ ಕಾಲು ತುಳಿದೆ. ಹಿಂದೆಯೇ ಹೆಂಡತಿ ಬಂದಳು, ಅರ್ಧ ತಿಂದ ಕಡಲೆಕಾಯಿ ಪೊಟ್ಟಣ ಕೈಯಲ್ಲಿ ಹಿಡಿದು. ಎರಡು ಸಾವಿರದ ಇಸವಿ ದಾಟಿ ಮೂರ್ನಾಲ್ಕು ವರ್ಷವಾಗಿದ್ದ ಕಾಲ, ಚಿಕ್ಕಮಗಳೂರಿನ ಒಂದು ಟಾಕೀಸು. ಉಗ್ಗುವ ನಾಯಕನ ಸಿನಿಮಾ ಬಂದಿದೆ ಎಂದು ಅವಳೇ ಪೇಪರಿನಲ್ಲಿ ನೋಡಿ, ಹೇಳಲೋ ಬೇಡವೋ ಎಂದು ಎರಡು ದಿನ ಒದ್ದಾಡಿ, ಆಮೇಲೆ ಕರೆದುಕೊಂಡು ಬಂದಿದ್ದಳು. ಯಾಕೆಂದರೆ ನಾನೂ ಉಗ್ಗುತ್ತೇನೆ.

"ಎಂತ ಆಯ್ತು? ಚೆನ್ನಾಗೇ ಇತ್ತಲ್ಲ," ಅಂದಳು.

ಚೆನ್ನಾಗಿಯೇ ಇತ್ತು. ಎರಡು ಗಂಟೆ ಹೊತ್ತು ಆ ನಾಯಕ ನಮ್ಮಂತೆಯೇ ಉಗ್ಗಿದ್ದ, ಯಾರೂ ಅವನನ್ನು ನಗೆಪಾಟಲು ಮಾಡಿರಲಿಲ್ಲ. ಆದರೆ ಕೊನೆಯಲ್ಲಿ ಅವನನ್ನು ತುಂಬಿದ ಸಭೆಯ ಮುಂದೆ ನಿಲ್ಲಿಸಿದರು. ನಾಯಕಿ ಕಣ್ಣಲ್ಲಿ ನೀರು ತುಂಬಿಕೊಂಡು ನೋಡಿದಳು. ಅಷ್ಟೆ, ಅವನ ಬಾಯಿಂದ ಮಾತು ನಲ್ಲಿ ನೀರಿನಂತೆ ಸುರಿಯತೊಡಗಿತು. ಜನ ಚಪ್ಪಾಳೆ ತಟ್ಟಿದರು. ನನಗೆ ಕೂತಲ್ಲಿ ಕೂರಲಾಗಲಿಲ್ಲ.

"ಸುಳ್ಳು," ಅಂದೆ. ಆ ಒಂದು ಪದ ಮುಗಿಯುವಷ್ಟರಲ್ಲಿ ಟಾಕೀಸಿನ ಮೆಟ್ಟಿಲೆಲ್ಲ ಇಳಿದಾಗಿತ್ತು.

"ಸಿನಿಮಾ ಅಂದ್ಮೇಲೆ ಸುಳ್ಳೇ ಅಲ್ವ ಮಾರಾಯ್ರೆ. ಅದಕ್ಕೆ ಇಷ್ಟು ಸಿಟ್ಟಾ?"

ಸಿಟ್ಟು ಬಂದಾಗ ನನಗೆ ಮಾತು ಪೂರಾ ಕೈಕೊಡುತ್ತದೆ. ಅವತ್ತು ಅವಳಿಗೆ ಹೇಳಲಾಗದ್ದನ್ನು ಈಗ ಬರೆಯುತ್ತಿದ್ದೇನೆ. ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ: ನನ್ನ ಮಾತನ್ನು ಇಲ್ಲಿ ಅಕ್ಷರ ಮುರಿದು, ಚುಕ್ಕಿ ಇಟ್ಟು ತೋರಿಸುವುದಿಲ್ಲ. ಆ ಕೆಲಸವನ್ನು ಸಿನಿಮಾದವರು ಬೇಕಾದಷ್ಟು ಮಾಡಿದ್ದಾರೆ. ನಾನು ಏನಾದರೂ ಅಂದೆ ಎಂದು ಬರೆದ ಕಡೆಯಲ್ಲೆಲ್ಲ ಓದುವವರೇ ಸ್ವಲ್ಪ ಹೊತ್ತು ಸೇರಿಸಿಕೊಂಡು ಓದಬೇಕು.

ನಾನು ಚಿಕ್ಕವನಿದ್ದಾಗ ಮೂಡಿಗೆರೆಯ ಟಾಕೀಸಿಗೆ ಬರುತ್ತಿದ್ದ ಸಿನಿಮಾಗಳಲ್ಲಿ ಉಗ್ಗುವವನೊಬ್ಬ ಇದ್ದೇ ಇರುತ್ತಿದ್ದ. ಅಡುಗೆ ಭಟ್ಟನೋ, ಗುಮಾಸ್ತನೋ, ನಾಯಕನ ಪೆದ್ದ ಗೆಳೆಯನೋ. ಅವನು ಬಾಯಿ ತೆರೆಯುವುದನ್ನೇ ಜನ ಕಾಯುತ್ತಿದ್ದರು, ನಗಲಿಕ್ಕೆ. ಎಲ್ಲರಿಗಿಂತ ಜೋರಾಗಿ ನಗುತ್ತಿದ್ದವನು ನಾನು. ನಗದಿದ್ದರೆ ಪಕ್ಕದವರು ನನ್ನ ಕಡೆ ತಿರುಗಿ ನೋಡುತ್ತಿದ್ದರು. ಮನೆಗೆ ಬಂದ ಮೇಲೆ ಎಂಥದೋ ಸಂಕಟವಾಗಿ ಅನ್ನ ಸೇರುತ್ತಿರಲಿಲ್ಲ.

ಅಮ್ಮನಿಗೆ ಹಿಡಿಸಿದ್ದು ಬೇರೆ ಥರದ ಸಿನಿಮಾ. ಮೂಗ ಮಗುವೊಂದು ದೇವಸ್ಥಾನದ ಗಂಟೆ ಹೊಡೆದದ್ದೇ ತಡ, ಅಮ್ಮಾ ಎಂದು ಕೂಗಿತಂತೆ. ಅದನ್ನು ನೋಡಿ ಬಂದ ಮರುವಾರವೇ ನನ್ನನ್ನು ದೇವರಮನೆ ಬೆಟ್ಟದ ದೇವಸ್ಥಾನಕ್ಕೆ ಹತ್ತಿಸಿದಳು. ಗಾಳಿಗೆ ಸೀರೆ ಸೆರಗು ಹಿಡಿದುಕೊಳ್ಳುತ್ತ, "ಗಂಟೆ ಹೊಡಿ, ಹೊಡೆದು ನಿನ್ನ ಹೆಸ್ರು ಜೋರಾಗಿ ಹೇಳು" ಅಂದಳು. ಹೊಡೆದೆ. ಹೆಸರು ಬರಲಿಲ್ಲ. ಇನ್ನೊಂದು ಸಲ ಅಂದಳು. ಹನ್ನೊಂದು ಸಲ ಹೊಡೆದ ಮೇಲೆ ಭಟ್ಟರು ಒಳಗಿನಿಂದ ಬಂದು, "ಸಾಕಮ್ಮ, ದೇವರಿಗೂ ಕಿವಿ ಇದೆ" ಅಂದರು. ಇಳಿಯುವಾಗ ಅಮ್ಮ ದಾರಿಯುದ್ದಕ್ಕೂ, "ಬಾಯಿದ್ದವನು ಬರಗಾಲದಲ್ಲೂ ಬದುಕ್ತಾನಂತೆ, ನಿನ್ನ ಗತಿ ಎಂತ ಮಗಾ" ಎಂದು ಕಣ್ಣೊರೆಸಿಕೊಂಡಳು. ನನಗೆ ದುಃಖಕ್ಕಿಂತ ಆ ಸಿನಿಮಾ ತೆಗೆದವನ ಮೇಲೆ ಕೋಪ ಬಂದಿತ್ತು.

ಬಿ.ಕಾಂ. ಮುಗಿಸಿ ನಾಲ್ಕು ಇಂಟರ್‌ವ್ಯೂಗಳಲ್ಲಿ ನನ್ನ ಹೆಸರು ಹೇಳಲಾಗದೆ ಎದ್ದು ಬಂದ ಮೇಲೆ, ಸೋದರಮಾವ ನನ್ನನ್ನು ಮಂಗಳೂರಿನ ಒಬ್ಬರು ಮಾತಿನ ಡಾಕ್ಟರ ಹತ್ತಿರ ಬಿಟ್ಟರು. ತೊಂಬತ್ತರ ದಶಕದ ನಡುವಿನ ಮಾತು. ಹದಿನೈದು ದಿನಕ್ಕೊಮ್ಮೆ ಚಾರ್ಮಾಡಿ ಘಾಟಿಯಲ್ಲಿ ವಾಂತಿ ಮಾಡುತ್ತ ಇಳಿಯುತ್ತಿದ್ದೆ. ಡಾಕ್ಟರು ನನಗಿಂತ ಆರೇಳು ವರ್ಷ ದೊಡ್ಡ ಹೆಂಗಸು. ಮೇಜಿನ ಮೇಲೆ ಟೇಪ್ ರೆಕಾರ್ಡರ್ ಇಟ್ಟು ನನ್ನ ದನಿಯನ್ನು ನನಗೇ ಕೇಳಿಸುತ್ತಿದ್ದರು. ಅದಕ್ಕಿಂತ ದೊಡ್ಡ ಶಿಕ್ಷೆ ನಾನು ಕಂಡಿಲ್ಲ.

ಅವರು ಕಲಿಸಿದ್ದು ಇಷ್ಟು. ಮಾತು ಶುರು ಮಾಡುವ ಮೊದಲು ಉಸಿರು ಬಿಡಬೇಕು. ಮೊದಲ ಅಕ್ಷರವನ್ನು ಗುದ್ದಬಾರದು, ಮೆಲ್ಲಗೆ ಮುಟ್ಟಿ ಎಳೆಯಬೇಕು. ಹಾಡುವಾಗ ಯಾರೂ ಉಗ್ಗುವುದಿಲ್ಲ, ಹಾಗಾಗಿ ತೀರಾ ಕಷ್ಟವಾದ ಕಡೆ ಮಾತಿಗೇ ಒಂದು ರಾಗ ಕೊಡಬೇಕು. ಆರು ತಿಂಗಳಾದ ಮೇಲೆ ನಾನು, ಯಾವಾಗ ಪೂರ್ತಿ ವಾಸಿಯಾಗುತ್ತದೆ ಎಂದು ಕೇಳಿದೆ. ಅವರು ನನ್ನ ಪ್ರಶ್ನೆ ಮುಗಿಯುವವರೆಗೂ ಕಾದರು, ನಡುವೆ ಬಾಯಿ ಹಾಕಲಿಲ್ಲ.

"ಪೂರ್ತಿ ವಾಸಿ ಆಗೋದು ಸಿನಿಮಾದಲ್ಲಿ," ಅಂದರು. "ಅವರಿಗೆ ಎರಡೂವರೆ ಗಂಟೆಯಲ್ಲಿ ಕಥೆ ಮುಗಿಸ್ಬೇಕು. ನಿಮಗೆ ಇಡೀ ಆಯುಷ್ಯ ಇದೆಯಲ್ಲ. ಹೋಗಿ, ಬಾಯಿ ಬಿಡಲೇಬೇಕಾದ ಒಂದು ಕೆಲಸ ಹಿಡೀರಿ."

ಹಿಡಿದೆ. ಜಾವಳಿ ಹತ್ತಿರದ ಒಂದು ಎಸ್ಟೇಟಿನಲ್ಲಿ ರೈಟರ್ ಕೆಲಸ. ಹೆಸರು ರೈಟರ್ ಆದರೂ ದಿನದ ಮೊದಲ ಕೆಲಸ ಬರೆಯುವುದಲ್ಲ, ಕೂಗುವುದು. ಬೆಳಿಗ್ಗೆ ಏಳೂವರೆಗೆ ಆಳುಗಳೆಲ್ಲ ಕಾಫಿ ಒಣಗಿಸುವ ಕಣದಲ್ಲಿ ಸಾಲಾಗಿ ನಿಲ್ಲುತ್ತಿದ್ದರು. ರೈಟರ್ ಹಾಜರಿ ಪುಸ್ತಕ ಹಿಡಿದು ಒಂದೊಂದೇ ಹೆಸರು ಕೂಗಬೇಕು, ಅವರು "ಇದೀನಿ" ಅನ್ನಬೇಕು, ಆಮೇಲೆ ಮೇಸ್ತ್ರಿ ಅವರನ್ನು ಕೆಲಸಕ್ಕೆ ಹಂಚಬೇಕು. ಐವತ್ತೆರಡು ಹೆಸರು. ಮಂಗಳೂರಿನ ಡಾಕ್ಟರು ಇದನ್ನು ನೋಡಿದ್ದರೆ ಅವರಿಗೇ ಕನಿಕರ ಬರುತ್ತಿತ್ತೇನೋ.

ನಾನು ಉಳಿದುಕೊಂಡದ್ದು ರಾಗದಿಂದ. ಪ್ರತಿ ಹೆಸರನ್ನೂ ಸ್ವಲ್ಪ ಎಳೆದು, ಕೊನೆಗೆ ಎತ್ತರಿಸಿ ಕೂಗುತ್ತಿದ್ದೆ. ಮೊದಲ ವಾರ ಎಲ್ಲರೂ ಮುಖಮುಖ ನೋಡಿಕೊಂಡರು. ಆಮೇಲೆ ಮೇಸ್ತ್ರಿ, "ನಮ್ಮ ರೈಟರ್ರು ಹಾಜರಿ ಕೂಗಲ್ಲ ಕಣ್ರೋ, ಭಜನೆ ಮಾಡ್ತಾರೆ" ಎಂದು ತಮಾಷೆ ಮಾಡಿದ. ಅಲ್ಲಿಗೆ ಅದು ರೂಢಿಯಾಯಿತು. ಎರಡು ವರ್ಷ ಹಾಗೇ ನಡೆಯಿತು. ರಾಗವಿದ್ದರೂ ಹೆದರಿಸುತ್ತಿದ್ದದ್ದು ಒಂದೇ ಹೆಸರು, ತುಟಿ ಬಿಗಿಹಿಡಿದು ಶುರುವಾಗುವಂಥದ್ದು. ಪುಸ್ತಕದಲ್ಲಿ ಅದು ಮೂವತ್ತೊಂದನೆಯದು. ಇಪ್ಪತ್ತೈದು ದಾಟುವಾಗಲೇ ನನ್ನ ಅಂಗೈ ಬೆವರುತ್ತಿತ್ತು. ಆ ಹೆಸರಿನ ಹೆಂಗಸಿಗೆ ಐವತ್ತು ದಾಟಿತ್ತು, ಗಂಡ ತೀರಿಕೊಂಡು ವರ್ಷಗಳಾಗಿದ್ದವು, ಆಳುಗಳಿಗೆಂದು ಸಾಲಾಗಿ ಕಟ್ಟಿದ ಲೈನ್ ಮನೆಯ ಕೊನೆಯ ಕೋಣೆಯಲ್ಲಿ ಒಬ್ಬಳೇ ಇದ್ದಳು. ಅವಳ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಬರೆಯುವುದು ನನಗೆ ಬಹಳ ಸುಲಭ, ಅದಕ್ಕೇ ಬರೆಯುವುದಿಲ್ಲ.

ಆ ಎಸ್ಟೇಟಿನಲ್ಲಿ ಹಿಂದಿನಿಂದ ಬಂದ ಒಂದು ಪದ್ಧತಿಯಿತ್ತು. ಸಾಹುಕಾರ್ರಿಗೆ ಯಾರ ಮೇಲಾದರೂ ಅಸಮಾಧಾನವಾದರೆ ಕರೆದು ಬೈಯುತ್ತಿರಲಿಲ್ಲ, ಕೆಲಸ ಬಿಡು ಎನ್ನುತ್ತಿರಲಿಲ್ಲ. ಮರುದಿನ ಹಾಜರಿಯಲ್ಲಿ ಅವರ ಹೆಸರು ಕೂಗುತ್ತಿರಲಿಲ್ಲ, ಅಷ್ಟೆ. ಆ ಮನುಷ್ಯ ತಲೆ ತಗ್ಗಿಸಿ ಲೈನಿಗೆ ವಾಪಸು ಹೋಗಬೇಕು. ಯಾಕೆ ಎಂದು ಅವನೂ ಕೇಳುವಂತಿಲ್ಲ, ಉಳಿದವರೂ ಕೇಳುವುದಿಲ್ಲ. ಕೇಳಿದರೆ ತಪ್ಪು ಏನೆಂಬುದು ನಾಲ್ಕು ಜನರ ಮುಂದೆ ಬಿದ್ದು ಮಾನ ಹೋಗುತ್ತದೆ ಎಂಬ ಲೆಕ್ಕ. ಮರುದಿನವೂ ಬಂದು ನಿಲ್ಲಬಹುದು. ಅವತ್ತೂ ಹೆಸರು ಬರದಿದ್ದರೆ ಗಂಟುಮೂಟೆ ಕಟ್ಟಬೇಕು. ನಾನು ಸೇರುವ ಹೊತ್ತಿಗೆ ಈ ಪದ್ಧತಿ ಹೆಚ್ಚುಕಡಿಮೆ ನಿಂತೇ ಹೋಗಿತ್ತು, ಆದರೆ ಯಾರೂ ಮರೆತಿರಲಿಲ್ಲ.

ಮೂರನೆಯ ವರ್ಷ ಕಾಫಿ ಕುಯ್ಲು ಮುಗಿದ ಮೇಲೆ ಸಾಹುಕಾರ್ರು, ಆಳುಗಳಿಗೆ ಒಂದು ಸಂಜೆ ಸಿನಿಮಾ ತೋರಿಸೋಣ ಅಂದರು. ಮೂಡಿಗೆರೆಯಿಂದ ಬಾಡಿಗೆಗೆ ಟೀವಿ, ವಿಸಿಪಿ, ಕ್ಯಾಸೆಟ್ಟು ತರಲು ನನ್ನನ್ನೇ ಜೀಪಿನಲ್ಲಿ ಕಳಿಸಿದರು. ಅಂಗಡಿಯವನಿಗೆ ಬೇಕಾದ್ದನ್ನು ವಿವರಿಸುವುದು ನನಗೆ ಕಷ್ಟ. ಅವನು, "ನಕ್ಕು ನಕ್ಕು ಹೊಟ್ಟೆ ಹಿಡ್ಕಳ್ತಾರೆ ಸಾರ್, ಕಣ್ಮುಚ್ಕಂಡು ತಗಂಡು ಹೋಗಿ" ಎಂದು ಒಂದು ಕ್ಯಾಸೆಟ್ಟು ಕೈಗಿಟ್ಟ. ಕಣ್ಣು ಮುಚ್ಚಿಕೊಂಡೇ ತಂದೆ.

ಸಿನಿಮಾದ ಹಾಸ್ಯಗಾರ ಶಾಲೆಯ ಮೇಷ್ಟ್ರು. ಉಗ್ಗುತ್ತಾನೆ. ಮಕ್ಕಳ ಹೆಸರು ಕೂಗಲಾಗದೆ ಅವನೊಂದು ಉಪಾಯ ಮಾಡುತ್ತಾನೆ: ರಾಗ ಎಳೆದು ಕೂಗುತ್ತಾನೆ. ಮೊದಲ ಹೆಸರಿಗೇ ನನ್ನ ಕಿವಿ ಬಿಸಿಯಾಯಿತು. ಎರಡನೆಯದಕ್ಕೆ ಕಣದ ಮೂಲೆಯಲ್ಲಿ ಯಾರೋ ಕಿಸಕ್ಕೆಂದರು. ಆಮೇಲೆ ಕಟ್ಟೆ ಒಡೆಯಿತು. ಇಡೀ ಕಣ ನಗುತ್ತಿತ್ತು, ಹೆಂಗಸರು ಸೆರಗು ಬಾಯಿಗೆ ತುರುಕಿಕೊಂಡು ನಗುತ್ತಿದ್ದರು. ಸಾಹುಕಾರ್ರು ನನ್ನ ಮುಖ ನೋಡಿ ಬೇರೆ ಕಡೆ ತಿರುಗಿದರು. ಹಳೆಯ ಅಭ್ಯಾಸದಂತೆ ನಾನೂ ನಕ್ಕೆ.

ಮರುದಿನ ಬೆಳಿಗ್ಗೆ ಹಾಜರಿ. ಮೊದಲ ಹೆಸರನ್ನು ಎಳೆಯುತ್ತಿದ್ದಂತೆ ಹಿಂದಿನ ಸಾಲಿನ ಗಂಡಾಳುಗಳು ಕೆಮ್ಮಿದ ನಾಟಕ ಮಾಡಿದರು. ನಗು ತಡೆದುಕೊಳ್ಳುವವರ ಮುಖ ನಗುವವರ ಮುಖಕ್ಕಿಂತ ಕೆಟ್ಟದಾಗಿರುತ್ತದೆ. ಎರಡು ವರ್ಷ ನನ್ನನ್ನು ಹೊತ್ತುಕೊಂಡು ಬಂದಿದ್ದ ರಾಗ ಅಲ್ಲೇ ಸತ್ತುಹೋಯಿತು. ರಾಗ ಬಿಟ್ಟು ಕೂಗಲು ಹೋದೆ, ಹೆಸರು ಹೆಸರಿಗೂ ತಡವರಿಸಿದೆ, ಬೆನ್ನಿಗೆ ಅಂಗಿ ಅಂಟಿಕೊಂಡಿತು. ಮೂವತ್ತೊಂದಕ್ಕೆ ಬಂದಾಗ ತುಟಿ ಅಂಟಿದ್ದು ಬಿಡಲೇ ಇಲ್ಲ. ಆಕೆ ನನ್ನ ಕಡೆ ನೋಡುತ್ತ ನಿಂತಿದ್ದಳು. ನಾನು ಪುಸ್ತಕದಲ್ಲಿ ಅವಳ ಹೆಸರಿನ ಮುಂದೆ ಹಾಜರಿ ಗುರುತು ಹಾಕಿ ಮೂವತ್ತೆರಡನ್ನು ಕೂಗಿದೆ. ಗುರುತು ಹಾಕಿದ್ದೇನಲ್ಲ, ಇನ್ನೇನು ಎಂದು ಸಮಾಧಾನ ಮಾಡಿಕೊಂಡೆ.

ಹತ್ತು ಗಂಟೆಗೆ ತೋಟದಲ್ಲಿ ಆಳು ಎಣಿಸುವಾಗ ಒಬ್ಬರು ಕಡಿಮೆ. ಅವಳೇ ಇಲ್ಲ. ಎಲ್ಲಿ ಎಂದು ಮೇಸ್ತ್ರಿಯನ್ನು ಕೇಳಿದೆ. ಅವನು ನನ್ನನ್ನು ವಿಚಿತ್ರವಾಗಿ ನೋಡಿದ.

"ನೀವೇ ಕೂಗ್ಲಿಲ್ವಲ್ಲ ರೈಟರ್ರೆ. ಬುಟ್ಟಿ ಎತ್ಕಂಡು ವಾಪಸ್ ಹೋದ್ಲು," ಅಂದ. ಆಮೇಲೆ ದನಿ ತಗ್ಗಿಸಿ, "ಸಾಹುಕಾರ್ರಿಗೆ ಎಂತ ಸಿಟ್ಟಂತೆ?" ಎಂದು ಕೇಳಿದ.

ಆಗಲೇ ಹೇಳಿದ್ದರೆ ಮುಗಿಯುತ್ತಿತ್ತು. ಸಾಹುಕಾರ್ರಿಗೆ ಏನೂ ಗೊತ್ತಿಲ್ಲ, ನನ್ನ ಬಾಯಿ ಕೈಕೊಟ್ಟಿತು ಮಾರಾಯ ಎಂದರೆ ಆಗುತ್ತಿತ್ತು. ನನಗೆ ನಾಚಿಕೆಯಾಯಿತು. ಗೊತ್ತಿಲ್ಲ ಎಂಬಂತೆ ಭುಜ ಹಾರಿಸಿ ಗಿಡಗಳ ನಡುವೆ ನಡೆದುಬಿಟ್ಟೆ. ಹಾಕಿದ್ದ ಹಾಜರಿ ಗುರುತನ್ನೂ ಮಧ್ಯಾಹ್ನ ಬ್ಲೇಡಿನಿಂದ ಕೆರೆದು ತೆಗೆದೆ.

ಮರುದಿನ ಆಕೆ ಬಂದು ನಿಂತಳು. ಒಗೆದ ಸೀರೆ ಉಟ್ಟಿದ್ದಳು, ತಲೆ ಬಾಚಿದ್ದಳು. ಮೂವತ್ತನೆಯ ಹೆಸರಿನವನು "ಇದೀನಿ" ಅಂದ. ನಾನು ಉಸಿರು ಬಿಟ್ಟೆ, ತುಟಿ ಬಿಗಿದೆ, ಏನೂ ಆಗಲಿಲ್ಲ. ಹಿಂದಿನ ಸಾಲಿನಲ್ಲಿ ಮತ್ತೆ ಒಬ್ಬ ಕೆಮ್ಮಿದ. ನಾನು ಪುಟ ತಿರುಗಿಸಿ ಮುಂದಿನ ಹೆಸರಿಗೆ ಹೋದೆ. ಆಕೆ ಒಂದು ನಿಮಿಷ ಅಲ್ಲೇ ನಿಂತು, ಯಾರ ಮುಖವನ್ನೂ ನೋಡದೆ ಲೈನಿನ ಕಡೆ ನಡೆದಳು.

ಮೂರನೆಯ ದಿನ ಕೊನೆಯ ಕೋಣೆಗೆ ಬೀಗ ಬಿದ್ದಿತ್ತು. ಕಳಸದ ಹತ್ತಿರ ಇರುವ ಮಗಳ ಮನೆಗೆ ಟ್ರಂಕು ಹೊತ್ತುಕೊಂಡು ಹೋದಳೆಂದು ಮೇಸ್ತ್ರಿ ಹೇಳಿದ. "ಅಳಿಯನ ಮನೇಲಿ ಇರಲ್ಲ ಅಂತ ಹಟ ಹಿಡಿದು ಇಲ್ಲೇ ಇದ್ದೋಳು," ಅಂದ. ಆಗ ತಡೆಯಲಾಗಲಿಲ್ಲ. ಅವನಿಗೆ ಎಲ್ಲ ಹೇಳಿದೆ, ಕಾಲು ಗಂಟೆ ಹಿಡಿಯಿತು. ಅವನು ಬೀಡಿ ಆರಿದ್ದನ್ನೂ ಗಮನಿಸದೆ ಕೇಳಿದ.

"ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಎಳೆದ್ರಂತೆ," ಅಂದ. "ಹೋಗಿ ಕರ್ಕಂಡು ಬನ್ನಿ. ನಾ ಹೋದ್ರೆ ಬರಲ್ಲ ಅವ್ಳು."

ಭಾನುವಾರ ಕಳಸಕ್ಕೆ ಬಸ್ಸು ಹತ್ತಿದೆ. ಹೇಳಬೇಕಾದ್ದನ್ನು ಮನಸ್ಸಿನಲ್ಲಿ ನೂರು ಸಲ ಹೇಳಿಕೊಂಡೆ. ಮನಸ್ಸಿನಲ್ಲಿ ನಾನು ದೊಡ್ಡ ಭಾಷಣಕಾರ. ಪೇಟೆಯಿಂದ ಜೀಪಿನಲ್ಲಿ ಹೋಗಿ ಇಳಿದು, ಮನೆ ಕೇಳಿಕೊಂಡು ತಲುಪಿದಾಗ ಆಕೆ ಮಗಳ ಮನೆಯಂಗಳದಲ್ಲಿ ಚಾಪೆಯ ಮೇಲೆ ಕಾಳುಮೆಣಸಿನ ಗೊಂಚಲು ಹರಡಿ ಕಾಲಿನಿಂದ ತುಳಿಯುತ್ತಿದ್ದಳು. ನನ್ನನ್ನು ನೋಡಿ ಕಾಲು ನಿಂತಿತು.

"ಎಂತ ರೈಟರ್ರೆ, ಇಷ್ಟು ದೂರ?" ಅಂದಳು. ನಾನು ಬಾಯಿ ತೆರೆಯುವ ಮೊದಲೇ ಅವಳು ಶುರು ಮಾಡಿದಳು. "ಎಸ್ಟೇಟಿನ ಒಂದು ಖಾಲಿ ಗೊಬ್ರದ ಚೀಲ ತಂದಿದ್ದೆ, ಬಾಗ್ಲಿಗೆ ಹಾಸ್ಕಳಕ್ಕೆ. ಹೆಸ್ರು ಬಿಟ್ಟಿದ್ದು ಅದಕ್ಕೇ ಇರ್ಬೇಕು ಅಂದ್ಕಂಡೆ. ಬೇರೆ ತಪ್ಪು ಎಷ್ಟು ಯೋಚ್ನೆ ಮಾಡಿದ್ರೂ ನೆಪ್ಪಾಗ್ಲಿಲ್ಲ. ಚೀಲ ತೊಳ್ದು ಇಟ್ಟಿದೀನಿ, ತಗಂಡು ಹೋಗಿ."

ಚೀಲವಲ್ಲ ಎಂದೆ. ಸಾಹುಕಾರ್ರೂ ಅಲ್ಲ ಎಂದೆ. ನಿಮ್ಮ ಹೆಸರು ನನ್ನ ಬಾಯಲ್ಲಿ ಬರಲಿಲ್ಲ, ಅಷ್ಟೆ, ಎಂದೆ. ಅಷ್ಟನ್ನು ಹೇಳಿ ಮುಗಿಸುವಷ್ಟರಲ್ಲಿ ಅವಳ ಮಗಳು ಕಾಫಿ ಮಾಡಿ ತಂದಿದ್ದಳು, ಅದು ಆರಿಯೂ ಹೋಗಿತ್ತು.

ಆಕೆಗೆ ನಂಬಿಕೆ ಬರಲು ಸ್ವಲ್ಪ ಹೊತ್ತಾಯಿತು. ಆಮೇಲೆ ಮುಖ ಕೆಂಪಾಯಿತು. "ಅಷ್ಟಕ್ಕಾ? ಅಷ್ಟಕ್ಕೆ ಎರಡು ದಿನ ನನ್ನ ಕಳ್ಳಿ ಹಂಗೆ ನಿಲ್ಸಿದ್ರಲ್ಲ?"

ನನ್ನ ಹತ್ತಿರ ಒಂದು ಉಪಾಯವಿತ್ತು, ಅದನ್ನು ಹೇಳಿದೆ. ಇನ್ನು ಮೇಲೆ ನಿಮ್ಮ ಹೆಸರು ಕೂಗುವುದಿಲ್ಲ, ನೋಡಿ ಗುರುತು ಹಾಕಿಕೊಳ್ಳುತ್ತೇನೆ. ಇಲ್ಲವೇ ಅಜ್ಜಿ ಎಂದು ಕೂಗುತ್ತೇನೆ, ಅದು ನನಗೆ ಸಲೀಸು, ಎಲ್ಲರಿಗೂ ಹೇಳಿರುತ್ತೇನೆ ಎಂದೆ. ದೊಡ್ಡ ಉಪಕಾರ ಮಾಡುವವನ ಹಾಗೆ ಹೇಳಿದೆ.

ಆಕೆ ಚಾಪೆಯಿಂದ ಇಳಿದು ಬಂದಳು. "ಮಕ್ಳು ಅವ್ವ ಅಂತಾವೆ, ಮೊಮ್ಮಕ್ಳು ಅಜ್ಜಿ ಅಂತಾವೆ, ನಿಮ್ಮ ಮೇಸ್ತ್ರಿ ಏ ಮುದ್ಕಿ ಅಂತಾನೆ. ನನ್ನ ಹೆಸ್ರು ಹಿಡಿದು ಕರ್ಯೋರು ಯಾರಿದಾರೆ ಈಗ? ಗಂಡನೂ ಒಂದಿನ ಕರೀಲಿಲ್ಲ. ಹಾಜ್ರಿಲಿ ದಿನಕ್ಕೊಂದ್ಸಲ ಕೇಳ್ತಿದ್ದೆ. ಅದನ್ನೂ ಬಿಡು ಅಂತೀರಲ್ಲ ನೀವು." ಮತ್ತೆ ಅಂದಳು: "ಕೂಗೋ ಹಂಗಿದ್ರೆ ನಾಳೆ ಬರ್ತೀನಿ. ಇಲ್ಲಾಂದ್ರೆ ಇಲ್ಲೇ ಇರ್ತೀನಿ, ಅಳಿಯನ ಕೈಲಿ ಅನ್ನಿಸ್ಕಂಡು."

ಕೂಗುತ್ತೇನೆ ಎಂದೆ. ಆಕೆ ಸಂಜೆ ಬಸ್ಸಿಗೇ ಟ್ರಂಕು ಹೊತ್ತು ಹೊರಟಳು. ಬಸ್ಸಿನಲ್ಲಿ ಅವಳು ಮುಂದೆ, ನಾನು ಹಿಂದೆ ಕೂತೆವು. ದಾರಿಯುದ್ದಕ್ಕೂ ನಾನು ಕಿಟಕಿಗೆ ಮುಖ ಮಾಡಿ ಆ ಹೆಸರನ್ನು ಎಳೆದು ನೋಡಿದೆ, ಮೆಲ್ಲಗೆ ಮುಟ್ಟಿ ನೋಡಿದೆ, ಉಸಿರು ಬಿಟ್ಟು ನೋಡಿದೆ. ಒಂದು ಸಲವೂ ನೆಟ್ಟಗೆ ಬರಲಿಲ್ಲ. ಕೆಲಸ ಬಿಟ್ಟು ಓಡಿಹೋಗೋಣ ಅನ್ನಿಸಿತು. ಆದರೆ ನಾನು ಓಡಿಹೋದರೆ ಹೊಸ ರೈಟರ್ ಸಿಗುವವರೆಗೆ ಹಾಜರಿಯಲ್ಲಿ ಅವಳ ಹೆಸರು ಕೂಗುವವರೇ ಇರುವುದಿಲ್ಲ.

ಸೋಮವಾರ ಕಣದಲ್ಲಿ ಐವತ್ತೆರಡು ಜನ. ಸಾಹುಕಾರ್ರು ಕೂಡ ವರಾಂಡದಲ್ಲಿ ನಿಂತಿದ್ದರು, ಮೇಸ್ತ್ರಿ ಹೇಳಿರಬೇಕು. ರಾಗ ಬೇಡ ಎಂದು ನಾನು ನಿರ್ಧರಿಸಿಯಾಗಿತ್ತು. ಮೂವತ್ತು ಹೆಸರುಗಳನ್ನು ಮುಗ್ಗರಿಸಿಕೊಂಡೇ ದಾಟಿದೆ. ಆಕೆ ನೇರವಾಗಿ ನನ್ನನ್ನೇ ನೋಡುತ್ತಿದ್ದಳು. ತುಟಿ ಅಂಟಿಕೊಂಡಿತು. ಕುತ್ತಿಗೆಯ ನರ ಉಬ್ಬಿತು, ತಲೆ ತನ್ನಷ್ಟಕ್ಕೇ ಒಂದು ಕಡೆ ಎಳೆಯಿತು; ಉಗ್ಗುವವನ ಮುಖ ಹೇಗಾಗುತ್ತದೆ ಎಂದು ನನಗೆ ಗೊತ್ತು, ಸಿನಿಮಾದಲ್ಲಿ ನೋಡಿದ್ದೇನೆ. ಹಿಂದಿನ ಸಾಲಿನಲ್ಲಿ ಯಾರೋ ಕೆಮ್ಮಲು ಶುರು ಮಾಡಿ ನಿಲ್ಲಿಸಿದರು. ಮೊದಲ ಅಕ್ಷರ ಸಿಡಿದು ಬಂತು. ಮತ್ತೆ ಬಂತು. ಮತ್ತೆ. ಅದರಾಚೆ ದಾಟಲು ಆಗಲಿಲ್ಲ.

ಮೇಸ್ತ್ರಿ ಒಳ್ಳೆಯವನು. ನನ್ನ ಪಾಡು ನೋಡಲಾರದೆ ಆ ಹೆಸರನ್ನು ತಾನೇ ಹೇಳಿ ಮುಗಿಸಲು ಬಾಯಿ ತೆರೆದ. ಆಕೆ ಅವನ ಕಡೆ ಕೈ ಎತ್ತಿದಳು.

"ನೀ ಸುಮ್ನಿರು," ಅಂದಳು. "ನನ್ನ ಹೆಸ್ರು ಇನ್ನೂ ಮುಗ್ದಿಲ್ಲ."

ಆಮೇಲೆ ನನ್ನ ಕಡೆ ತಿರುಗಿ, ಬುಟ್ಟಿಯನ್ನು ನೆಲಕ್ಕಿಟ್ಟು, ಕಾಯುತ್ತ ನಿಂತಳು. ಎಷ್ಟು ಹೊತ್ತೋ ನನಗೆ ಗೊತ್ತಿಲ್ಲ. ಹೆಸರು ತುಂಡು ತುಂಡಾಗಿ ಬಂತು, ಕೊನೆಯ ಅಕ್ಷರದವರೆಗೂ ಬಂತು. ಅದು ಬಂದು ಮುಗಿದ ಮೇಲೆಯೇ ಅವಳು "ಇದೀನಿ" ಅಂದದ್ದು.